ಮೂಲೆಯಲ್ಲಿ ಹೆಸರು

ಚಿತ್ರಕಲೆಯ ಅಧ್ಯಾಪಕಿಯಾಗಿ ಇಪ್ಪತ್ತು ವರ್ಷಗಳಿಂದ ನಾನು ತಪ್ಪದೆ ಹೇಳುತ್ತ ಬಂದಿರುವ ಮಾತು ಒಂದೇ: “ಕಾಗದದ ಬಲಗಡೆಯ ಕೆಳಮೂಲೆಯಲ್ಲಿ ಹೆಸರು ಬರೆಯಿರಿ.” ಬಣ್ಣ ಹಚ್ಚುವ ಸಂಭ್ರಮದಲ್ಲಿ ಮಕ್ಕಳು ಇದನ್ನು ಮರೆಯುತ್ತಾರೆ. ತಿಂಗಳ ಕೊನೆಗೆ ನನ್ನ ಮೇಜಿನ ಮೇಲೆ ತಂದೆತಾಯಿ ಇಲ್ಲದ ನವಿಲುಗಳೂ ಒಡೆಯರಿಲ್ಲದ ಮಾವಿನ ಮರಗಳೂ ರಾಶಿ ಬಿದ್ದಿರುತ್ತವೆ. ಹೆಸರಿಲ್ಲದ ಚಿತ್ರಕ್ಕೆ ಎರಡು ಅಂಕ ಕಡಿಮೆ ಎಂಬುದು ನನ್ನ ತರಗತಿಯ ಕಾನೂನು. ಈ ಕಾನೂನನ್ನು ನಾನೇ ಮುರಿದ ಸಂಗತಿಯನ್ನು ಇಂದು ಹೇಳಬೇಕಾಗಿದೆ. ನನ್ನ ಅಂಕ ಕಳೆಯುವುದಕ್ಕೆ ಮೇಲಿನವರು ಯಾರೂ ಇರಲಿಲ್ಲವಾದ್ದರಿಂದ ಆ ಕೆಲಸವನ್ನೂ ನಾನೇ ಮಾಡಿಕೊಳ್ಳಬೇಕಾಯಿತು.

ಅಧ್ಯಾಪಕಿಯಾಗುವ ಮೊದಲು ನಾನು ಬೆಂಗಳೂರಿನಲ್ಲಿ ಬಟ್ಟೆಯ ಮೇಲೆ ಅಚ್ಚಾಗುವ ಹೂಬಳ್ಳಿಗಳ ವಿನ್ಯಾಸ ಬರೆದುಕೊಡುತ್ತಿದ್ದೆ. ಆಮೇಲೆ ಶಾಲೆ ಸೇರಿದೆ. 2020ರ ಮಾರ್ಚ್ ತಿಂಗಳಲ್ಲಿ ಶಾಲೆಗಳ ಬಾಗಿಲು ಮುಚ್ಚಿ, ದೇಶಕ್ಕೆ ದೇಶವೇ ಮನೆಯೊಳಗೆ ಕುಳಿತಾಗ, ನಾನು ಯಲ್ಲಾಪುರದ ಸಮೀಪದ ನಮ್ಮ ತೋಟದ ಮನೆಗೆ ಬಂದು ಸೇರಿದೆ. ಬೇಡ್ತಿ ಹೊಳೆಯ ಕಣಿವೆಯ ಆ ಮನೆಯಲ್ಲಿ ಅಡಕೆ, ಮೆಣಸು, ಮಳೆ ಇವು ಮೂರಕ್ಕೆ ಕೊರತೆಯಿಲ್ಲ. ಮೊಬೈಲಿನ ಸಿಗ್ನಲ್ ಮಾತ್ರ ಇಲ್ಲ. ಆ ವರ್ಷ ನಮ್ಮ ಜಿಲ್ಲೆಯ ಮಕ್ಕಳು ಪಾಠ ಕೇಳುವುದಕ್ಕೆ ಗುಡ್ಡ ಹತ್ತುತ್ತಿದ್ದುದು ಎಲ್ಲರಿಗೂ ತಿಳಿದ ಸಂಗತಿ. ಮಕ್ಕಳು ಕಲಿಯುವುದಕ್ಕೆ ಹತ್ತಿದರೆ ನಾನು ಕಲಿಸುವುದಕ್ಕೆ ಹತ್ತಿದೆ. ಛತ್ರಿ, ಮೊಬೈಲು, ಬಣ್ಣದ ಡಬ್ಬಿ, ಜಿಗಣೆಗಳಿಗಾಗಿ ಒಂದು ಪೊಟ್ಟಣ ಉಪ್ಪು: ಇದು ನನ್ನ ಪಾಠದ ಸಲಕರಣೆ.

ಕೆಲವು ದಿನಗಳಲ್ಲೇ ನೇರಪಾಠದ ಆಸೆ ಬಿಟ್ಟೆ. ಮನೆಯ ಮೆತ್ತಿನ ಮೇಲೆ, ಎರಡು ಅಡಕೆ ದಬ್ಬೆಗಳ ನಡುವೆ ಮೊಬೈಲನ್ನು ಕಟ್ಟಿ, ಕೆಳಗೆ ಮೇಜಿಟ್ಟು, ನನ್ನ ಕೈಗಳು ಮಾತ್ರ ಕಾಣುವಂತೆ ವಿಡಿಯೊ ಮಾಡಿ, ಪೇಟೆಗೆ ಹೋದಾಗ ಯೂಟ್ಯೂಬಿಗೆ ಏರಿಸತೊಡಗಿದೆ. ಅಡಕೆಯ ಹಾಳೆಯಿಂದ ಟೊಪ್ಪಿ ಮಾಡುವುದು, ಕಾಗದದ ಬಾಸಿಂಗ ಕತ್ತರಿಸುವುದು, ಕೆಮ್ಮಣ್ಣಿನ ಮೇಲೆ ಅಕ್ಕಿಹಿಟ್ಟಿನಿಂದ ಗೆರೆ ಎಳೆಯುವುದು ಇವೇ ಮೊದಲಿನ ಪಾಠಗಳು. ಅಪ್ಪ ಕವಳ ಹಾಕುತ್ತ ಮೆಟ್ಟಿಲ ಬುಡದಲ್ಲಿ ನಿಂತು, “ಇದನ್ನೆಲ್ಲ ನೋಡುವವರು ಯಾರು?” ಎಂದು ಕೇಳುತ್ತಿದ್ದರು. ನೋಡುವವರು ಇದ್ದರು. ಶಾಲೆಯ ಮಕ್ಕಳು ನೋಡಿದರು. ಮಕ್ಕಳ ತಾಯಂದಿರು ನೋಡಿದರು. ಆಮೇಲೆ ನನಗೆ ಗುರುತಿಲ್ಲದ ಊರುಗಳಿಂದ ಮೆಚ್ಚುಗೆಯ ಮಾತುಗಳು ಬರತೊಡಗಿದವು. ಅಡುಗೆಮನೆಯ ಕುಕ್ಕರಿನ ಸೀಟಿ ಒಂದು ವಿಡಿಯೊದಲ್ಲಿ ಸೇರಿಹೋಗಿದ್ದಾಗ, ‘ನಿಮ್ಮ ಮನೆಯಲ್ಲಿ ಇಂದು ಏನು ಸಾರು?’ ಎಂದು ಕೇಳಿ ಬರೆದವರೂ ಇದ್ದರು. ಮೆಚ್ಚುಗೆಯ ರುಚಿ ಹತ್ತಿದ ಕೈ ಸುಮ್ಮನೆ ಕೂಡ್ರುವುದಿಲ್ಲ. ವಾರಕ್ಕೊಂದು ಹೊಸದು ಬೇಕೆಂದು ಹುಡುಕತೊಡಗಿದೆ.

ಹೀಗೆ ಹುಡುಕುತ್ತಿರುವಾಗ 2021ರ ಮಳೆಗಾಲದಲ್ಲಿ ಅಮೆರಿಕದಿಂದ ಬಂದ ಒಂದು ಚಿತ್ರ ನನ್ನ ಕಣ್ಣಿಗೆ ಬಿತ್ತು. ಮಾರ್ಗರೆಟ್ ಫ್ಯಾಬ್ರಿಜಿಯೊ ಎಂಬಾಕೆ ಹಾರ್ಪ್ಸಿಕಾರ್ಡ್ ಎಂಬ ಪಾಶ್ಚಾತ್ಯ ವಾದ್ಯವನ್ನು ನುಡಿಸುತ್ತಿದ್ದ, ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಅದನ್ನು ಕಲಿಸುತ್ತಿದ್ದ ಕಲಾವಿದೆ; ಮುಂದೆ ಸೂಜಿ ದಾರ ಹಿಡಿದರು. ಅವರು ಹಳೆಯ ಬಟ್ಟೆಯ ಚೂರುಗಳನ್ನು ಜೋಡಿಸಿ ಒಂದು ಹೊದಿಕೆ ಹೊಲಿಯುವುದನ್ನು ತೋರಿಸುತ್ತಿದ್ದರು. ಅದರ ಹೆಸರು ‘ಕವಂದಿ’. ಹೆಸರು ಕೇಳಿ ನಾನು ನೆಟ್ಟಗೆ ಕುಳಿತೆ. ಮೂಲೆಯಿಂದ ಆರಂಭಿಸಿ, ಅಂಚಿನ ಗುಂಟ ಸುತ್ತುತ್ತ ಸುತ್ತುತ್ತ ನಡುವಿಗೆ ಬರುವ ಆ ಹೊಲಿಗೆಯನ್ನು ನಾನು ಬಲ್ಲೆ! ನಮ್ಮ ಮೆತ್ತಿನ ಮರದ ಪೆಟ್ಟಿಗೆಯಲ್ಲಿ, ಬೇವಿನ ಎಲೆಯ ನಡುವೆ, ಅಂಥದೊಂದು ಕೌದಿ ಮಡಿಚಿಟ್ಟಿತ್ತು. ಬಾಲ್ಯದ ಮಳೆಗಾಲಗಳನ್ನೆಲ್ಲ ನಾನು ಅದರ ಕೆಳಗೆ ಮಲಗಿ ಕಳೆದಿದ್ದೆ.

ನಮ್ಮ ತಾಲ್ಲೂಕಿನ ಸಿದ್ದಿ ಹೆಂಗಸರ ಕಸುಬು ಅದು. ಸಿದ್ದಿಗಳು ಯಲ್ಲಾಪುರ, ಹಳಿಯಾಳ, ಮುಂಡಗೋಡ, ಜೋಯಿಡಾ, ಅಂಕೋಲೆಗಳ ಕಾಡಿನಂಚಿನಲ್ಲಿ ಬದುಕುತ್ತಿರುವ ಜನ. ಇವರ ಹಿರಿಯರು ಆಫ್ರಿಕಾ ಖಂಡದವರು. ಶತಮಾನಗಳ ಹಿಂದೆ ಪೋರ್ಚುಗೀಸರೂ ಅರಬ ವ್ಯಾಪಾರಿಗಳೂ ಗುಲಾಮರನ್ನಾಗಿ ತಂದವರಲ್ಲಿ ಅನೇಕರು ಗೋವೆಯಿಂದ ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದರು. ಇಂದು ಅವರಲ್ಲಿ ಹಿಂದೂಗಳಿದ್ದಾರೆ, ಮುಸಲ್ಮಾನರಿದ್ದಾರೆ, ಕ್ರೈಸ್ತರಿದ್ದಾರೆ; ಕೌದಿ ಮಾತ್ರ ಎಲ್ಲರ ಮನೆಯಲ್ಲೂ ಇದೆ. ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. ಇವರ ಕೌದಿಗಳನ್ನು ಅಮೆರಿಕದ ಕಲಾ ಇತಿಹಾಸಕಾರ ಹೆನ್ರಿ ಡ್ರೂವಲ್ ಅವರು ಬಂದು ಅಭ್ಯಾಸ ಮಾಡಿದರು. 2011ರಲ್ಲಿ ನ್ಯೂಯಾರ್ಕಿನ ಶೋಂಬರ್ಗ್ ಕೇಂದ್ರದ ಗೋಡೆಗಳ ಮೇಲೆ ಅವು ಪ್ರದರ್ಶನಗೊಂಡವು. ಇಷ್ಟೆಲ್ಲ ಆದದ್ದು ನಮ್ಮ ಮನೆಯಿಂದ ಒಂದು ಗಂಟೆಯ ದಾರಿಯ ಕೇರಿಗಳ ಕೆಲಸದಿಂದ. ಸುದ್ದಿ ಮಾತ್ರ ನನಗೆ ಅರ್ಧ ಭೂಮಂಡಲ ಸುತ್ತಿ ಬಂದು ತಲುಪಿತು.

ಪೆಟ್ಟಿಗೆ ತೆರೆದು ಕೌದಿಯನ್ನು ಹೊರತೆಗೆದೆ. ಅಡಿಯಲ್ಲಿ ನಮ್ಮ ಅಜ್ಜಿಯ ಬದನೆಕಾಯಿ ಬಣ್ಣದ ಇಳಕಲ್ ಸೀರೆ. ಮೇಲೆ ಅಪ್ಪನ ಅಂಗಿ, ಅತ್ತೆಯ ಲಂಗ, ಹಳೆಯ ಪಂಚೆ. ವಿನ್ಯಾಸಗಾರ್ತಿಯ ಕಣ್ಣಿನಿಂದ ಅಂದು ಅದನ್ನು ಮೊದಲ ಬಾರಿಗೆ ನೋಡಿದೆ. ಕೆಂಪಿನ ಪಕ್ಕದಲ್ಲಿ ನೀಲಿ, ನೀಲಿಯ ಪಕ್ಕದಲ್ಲಿ ಮಾಸಿದ ಬಿಳಿ, ಒಂದರ ಮೇಲೊಂದು ಏರಿದ ಚೂರುಗಳು. ಅಳತೆಪಟ್ಟಿ ಹಿಡಿದ ಕೈಗೆ ಇಂಥ ಧೈರ್ಯ ಬಾರದು. ಬಿಳಿಯ ದಪ್ಪ ದಾರದ ಹೊಲಿಗೆಗಳು ಹೊಲದ ಸಾಲುಗಳಂತೆ ಅಂಚಿನಿಂದ ನಡುವಿಗೆ ನಡೆದುಬಂದಿದ್ದವು. ಚೂರುಗಳನ್ನು ಒಂದಕ್ಕೊಂದು ಹಿಡಿದಿಡುವುದೂ, ಅವನ್ನು ಅಡಿಯ ಸೀರೆಗೆ ಕೂಡಿಸುವುದೂ ಆ ಒಂದೇ ಹೊಲಿಗೆ. ನಾಲ್ಕು ಮೂಲೆಗಳಲ್ಲಿ ಮಡಿಸಿ ಹೊಲಿದ ಪುಟ್ಟ ತ್ರಿಕೋನಗಳು. ಸಿದ್ದಿ ಹೆಂಗಸರು ಅದನ್ನು ‘ಫುಲಾ’, ಎಂದರೆ ಹೂವು, ಎನ್ನುತ್ತಾರೆ. ಮೂಲೆಯಲ್ಲಿ ಹೂವಿಲ್ಲದ ಕೌದಿ ಅವರ ಲೆಕ್ಕದಲ್ಲಿ ಬತ್ತಲೆ.

ಎಂಟು ನಿಮಿಷದ ವಿಡಿಯೊ ಮಾಡಿದೆ. ಮೊದಲು ಕಾಗದದ ಮೇಲೆ ನಕ್ಷೆ ಬರೆದೆ. ಚೂರುಗಳನ್ನು ಇಸ್ತ್ರಿ ಮಾಡಿ ಸಮನಾಗಿ ಕತ್ತರಿಸಿದೆ. ಮೇಜಿನ ಮೇಲೆ ಮೊಣಕೈ ಅಗಲದ ಒಂದು ಮಾದರಿಯನ್ನು ಹೊಲಿದು ತೋರಿಸಿದೆ. ಮೂರು ದಿನದ ಹೊಲಿಗೆ ಮೂರು ನಿಮಿಷಕ್ಕೆ ಇಳಿಯಿತು. ಕೊನೆಗೆ ಹಳೆಯ ಕೌದಿಯನ್ನು ಮೇಜಿನ ಮೇಲೆ ಹರಡಿ, ಅದರ ನಡುವಿನ ಹಸಿರು ಚೂರಿನ ಮೇಲೆ ಕೈಯಾಡಿಸುತ್ತ, “ಇದು ನಮ್ಮ ಅಜ್ಜಿಯ ಕೌದಿ. ಇದರ ಒಂದೊಂದು ಚೂರೂ ನಮ್ಮ ಮನೆಯವರ ನೆನಪು” ಎಂದೆ. ಮಾತು ಚೆನ್ನಾಗಿ ಕೂಡಿಬಂದಿತೆಂದು ನನಗೇ ಅನಿಸಿತು. ‘ನಮ್ಮ ಅಜ್ಜಿಯ ಕೌದಿ’ ಎಂಬುದನ್ನೇ ಶೀರ್ಷಿಕೆಯಾಗಿ ಇಟ್ಟೆ.

ಅದುವರೆಗಿನ ನನ್ನ ಯಾವ ವಿಡಿಯೊವನ್ನೂ ಅಷ್ಟು ಜನ ನೋಡಿರಲಿಲ್ಲ. ಎಲ್ಲರಿಗೂ ತಮ್ಮ ತಮ್ಮ ಅಜ್ಜಿಯರ ನೆನಪು ಬಂದಿತು. ಒಬ್ಬರು ನಮ್ಮ ಅಜ್ಜಿಯ ಕಲಾಪ್ರಜ್ಞೆಗೆ ಕೈ ಮುಗಿದಿದ್ದರು. ಅದನ್ನು ಓದಿದಾಗ ನನಗೆ ಸ್ವಲ್ಪ ಇರುಸುಮುರುಸಾಯಿತು. ನಮ್ಮ ಅಜ್ಜಿಗೆ ಸೂಜಿಗೆ ದಾರ ಪೋಣಿಸುವಷ್ಟೂ ಕಣ್ಣು ಕಾಣುತ್ತಿರಲಿಲ್ಲ.

ಆ ಕೌದಿಯನ್ನು ಹೊಲಿದವರು ಬೇರೆ. ಮನೆಯ ಮಕ್ಕಳಾದ ನಾವು ಅವರನ್ನು ಕೌದಿಯಕ್ಕ ಎನ್ನುತ್ತಿದ್ದೆವು. ಅಡಕೆ ಕೊಯ್ಲಿನ ಕಾಲದಲ್ಲಿ ಅವರ ಗಂಡ ನಮ್ಮ ತೋಟಕ್ಕೆ ಕೆಲಸಕ್ಕೆ ಬರುತ್ತಿದ್ದರು. ಜೊತೆಗೆ ಕೌದಿಯಕ್ಕನೂ ಬರುತ್ತಿದ್ದರು. ಮಧ್ಯಾಹ್ನದ ಹೊತ್ತು ಅಂಗಳದ ಚಪ್ಪರದ ಕೆಳಗೆ ಸೀರೆ ಹಾಸಿ, ಕಾಲು ಚಾಚಿ ಕುಳಿತು ಹೊಲಿಯುತ್ತಿದ್ದರು. ಜಗುಲಿಯ ಮೇಲೆ ಹತ್ತುತ್ತಿರಲಿಲ್ಲ. ಅವರ ಚಹದ ಲೋಟ ಬಚ್ಚಲ ಗೋಡೆಯ ಗೂಡಿನಲ್ಲಿ ಬೇರೆಯಾಗಿ ಇರುತ್ತಿತ್ತು. ಒಂದು ಕೌದಿಗೆ ನಾಲ್ಕು ಸೇರು ಅಕ್ಕಿ, ಒಂದು ತೆಂಗಿನಕಾಯಿ. ಅಜ್ಜಿಯ ಮನಸ್ಸು ಚೆನ್ನಾಗಿದ್ದರೆ ಮೇಲೆ ಹತ್ತು ರೂಪಾಯಿ. ಇದಿಷ್ಟೂ ನನಗೆ ಗೊತ್ತಿತ್ತು. ಗೊತ್ತಿದ್ದರೂ ವಿಡಿಯೊ ಮಾಡುವಾಗ ನೆನಪಾಗಲಿಲ್ಲ ಎಂದರೆ ಅದು ಪೂರ್ತಿ ಸತ್ಯವಲ್ಲ. ನೆನಪಾಗಿತ್ತು, ಹೇಳಿದರೆ ಮಾತು ಉದ್ದವಾದೀತು ಎನಿಸಿತ್ತು.

ಅಮೆರಿಕದ ಆ ಚಿತ್ರವನ್ನು ಮತ್ತೊಮ್ಮೆ ನೋಡಿದೆ. ಕರ್ನಾಟಕದ ಸಿದ್ದಿ ಹೆಂಗಸರಿಂದ ತಾನು ಇದನ್ನು ಕಲಿತೆನೆಂಬುದನ್ನು ಆಕೆ ಮುಚ್ಚಿಟ್ಟಿರಲಿಲ್ಲ. ಸಮುದ್ರದಾಚೆಯ ಹೆಂಗಸು ಯಾರದೆಂದು ಹೇಳಿದ್ದನ್ನು, ಅದೇ ತಾಲ್ಲೂಕಿನಲ್ಲಿ ಹುಟ್ಟಿದ ನಾನು ‘ನಮ್ಮದು’ ಎಂದುಬಿಟ್ಟಿದ್ದೆ.

ಮಳೆ ಹೊಳವಾದ ಒಂದು ದಿನ ಕೌದಿಯನ್ನು ಸುತ್ತಿ ಚೀಲದಲ್ಲಿಟ್ಟುಕೊಂಡು ಕೌದಿಯಕ್ಕನ ಮನೆ ಹುಡುಕಿಕೊಂಡು ಹೋದೆ. ಮುಂಡಗೋಡದ ದಾರಿಯಲ್ಲಿ ಬಸ್ಸಿಳಿದು, ಸಾಗುವಾನಿಯ ನೆಡುತೋಪು ದಾಟಿ ಹೋದರೆ ಅವರ ಕೇರಿ. ಎಪ್ಪತ್ತರ ಹತ್ತಿರದ ವಯಸ್ಸು. ಗುಂಗುರು ಕೂದಲು ಬೆಳ್ಳಗಾಗಿತ್ತು. ನನ್ನ ಗುರುತು ಹತ್ತಲಿಲ್ಲ. ಚೀಲದಿಂದ ಕೌದಿಯ ಒಂದು ಮೂಲೆ ಹೊರಬಂದಾಗ ಕೌದಿಯ ಗುರುತು ಹತ್ತಿತು.

“ಹೆಗಡೇರ ಮನೆ ತಂಗಿ ನೀನು” ಎಂದು ಚಾಪೆ ಹಾಸಿದರು. ಚಹ ಬಂತು. ಅವರ ಮನೆಯಲ್ಲಿ ಲೋಟಗಳೆಲ್ಲ ಒಂದೇ ಕಡೆ ಇದ್ದವು.

ಮೊಬೈಲಿನಲ್ಲಿ ನನ್ನ ವಿಡಿಯೊ ತೋರಿಸಿದೆ. ಮೊಮ್ಮಗಳು ಪಕ್ಕದಲ್ಲಿ ಬಂದು ಕುಳಿತಳು. ಎಂಟು ನಿಮಿಷವೂ ಇಬ್ಬರೂ ಮಾತಾಡದೆ ನೋಡಿದರು. ಇಸ್ತ್ರಿ ಪೆಟ್ಟಿಗೆ ಕಂಡಾಗ ಮಾತ್ರ ಕೌದಿಯಕ್ಕ ಸೆರಗು ಬಾಯಿಗಿಟ್ಟು ನಕ್ಕರು.

“ಮೇಜಿನ ಮೇಲೆ ಯಾಕೆ ಹೊಲಿಯುತ್ತೀ? ಕೌದಿ ನೆಲದ ಮೇಲೆ ಇರಬೇಕು, ನಾವು ಕೌದಿಯ ಮೇಲೆ ಇರಬೇಕು. ಆಗ ಎಲ್ಲಿ ಉಬ್ಬಿದೆ, ಎಲ್ಲಿ ಎಳೆದಿದೆ ಎಂದು ತೊಡೆಗೆ ತಿಳಿಯುತ್ತದೆ” ಎಂದರು. ಆಮೇಲೆ ಕೇಳಿದರು: “ಅಕ್ಕಿ ಎಲ್ಲಿ ಹಾಕಿದೆ?”

ನನಗೆ ಅರ್ಥವಾಗಲಿಲ್ಲ.

ಅವರು ನಮ್ಮ ಕೌದಿಯನ್ನು ತೊಡೆಯ ಮೇಲೆ ಎಳೆದುಕೊಂಡು ನಡುವಿನ ಹಸಿರು ಚೂರಿನ ಮೇಲೆ ಬೆರಳಿಟ್ಟರು. ಸುತ್ತಿ ಸುತ್ತಿ ಬಂದ ಹೊಲಿಗೆ ಅಲ್ಲಿ ಮುಗಿಯುತ್ತದೆ. ಆ ಕೊನೆಯ ಚೂರನ್ನು ಮುಚ್ಚುವ ಮೊದಲು ಅದರ ಕೆಳಗೆ ನಾಲ್ಕು ಕಾಳು ಅಕ್ಕಿ ಇಡಬೇಕು. ಅದು ಕೌದಿಯ ಹೊಟ್ಟೆ, ಖಾಲಿ ಇರಬಾರದು. ಅದನ್ನು ಹೊದ್ದವರ ಹೊಟ್ಟೆಯೂ ಖಾಲಿ ಇರಬಾರದು.

“ಹಾಗಾದರೆ ಇದರಲ್ಲಿ ಅಕ್ಕಿ ಇದೆಯೇ?”

“ಇಟ್ಟಿದ್ದೆ. ಇಷ್ಟು ವರ್ಷ ಒಗೆದಿದ್ದೀರಿ, ಈಗ ಇರಲಿಕ್ಕಿಲ್ಲ.”

“ಯಾರ ಮನೆಯ ಅಕ್ಕಿ?” ಎಂದು ಕೇಳಿದೆ. ಯಾಕೆ ಹಾಗೆ ಕೇಳಿದೆನೋ ತಿಳಿಯದು.

“ನಿಮ್ಮ ಮನೆಯದೇ. ನಿಮ್ಮ ಅಜ್ಜಿ ಅರ್ಧ ಕೂಲಿ ಮೊದಲೇ ಕೊಡುತ್ತಿದ್ದಳು. ಅದರಲ್ಲಿ ಒಂದು ಚಿಟಿಕೆ.” ಅಷ್ಟು ಹೇಳಿ, ಹಸಿರು ಚೂರನ್ನು ಸವರಿದರು. “ಈ ಬಟ್ಟೆ ಮಾತ್ರ ನಿಮ್ಮ ಮನೆಯದಲ್ಲ ತಂಗೀ. ನಡುವಿಗೆ ಬರುವ ಹೊತ್ತಿಗೆ ನೀವು ಕೊಟ್ಟ ಚೂರು ಸಾಲಲಿಲ್ಲ. ಮತ್ತೆ ಕೇಳಿದರೆ ನಿನ್ನ ಅಜ್ಜಿ ಬೈದಾಳು ಎಂದು ನನ್ನ ಮಗಳ ಲಂಗದ ಅಂಚು ಕತ್ತರಿಸಿ ಹಾಕಿದೆ. ಅವಳು ಎರಡು ದಿನ ಅತ್ತಿದ್ದಳು.”

ಒಂದೊಂದು ಚೂರೂ ನಮ್ಮ ಮನೆಯವರ ನೆನಪು ಎಂದು ನಾನು ಕೈಯಾಡಿಸಿದ್ದು ಆ ಚೂರಿನ ಮೇಲೆ. ಮುವ್ವತ್ತೈದು ವರ್ಷ ನಾವು ಹೊದ್ದ ಕೌದಿಯ ನಡುವೆ ಇನ್ನೊಂದು ಮನೆಯ ಹುಡುಗಿಯ ಲಂಗವಿತ್ತು. ಅದರ ಕೆಳಗೆ ಒಬ್ಬ ಕೂಲಿ ಹೆಂಗಸು ತನ್ನ ಕೂಲಿಯಿಂದ ತೆಗೆದು ನಮ್ಮ ಹೊಟ್ಟೆ ತುಂಬಿರಲೆಂದು ಇಟ್ಟ ಅಕ್ಕಿ ಇತ್ತು. ಕೌದಿಯಕ್ಕನ ಮಾತಿನಲ್ಲಿ ದೂರು ಇರಲಿಲ್ಲ. ಇದ್ದಿದ್ದರೆ ನನಗೆ ಸ್ವಲ್ಪ ಸುಲಭವಾಗುತ್ತಿತ್ತು.

ಹೊರಡುವ ಮೊದಲು, ಬಹಳ ಹೊತ್ತು ಧೈರ್ಯ ಕೂಡಿಸಿಕೊಂಡು, “ನಿಮ್ಮ ಹೆಸರೇನು?” ಎಂದು ಕೇಳಿದೆ. ಹುಟ್ಟಿದಂದಿನಿಂದ ಕಂಡವರ ಹೆಸರನ್ನು ಅರ್ಧ ಆಯುಷ್ಯ ಕಳೆದ ಮೇಲೆ ಕೇಳುವುದಕ್ಕಿಂತ ನಾಚಿಕೆಯ ಕೆಲಸ ಇನ್ನೊಂದಿರಲಾರದು. ಅವರು ಹೇಳಿದರು. ಮೊಮ್ಮಗಳು ನನ್ನ ಮುಖವನ್ನೇ ನೋಡುತ್ತಿದ್ದಳು.

ಮನೆಗೆ ಬಂದು ವಿಡಿಯೊವನ್ನು ತೆಗೆದುಹಾಕಿದೆ. ಶೀರ್ಷಿಕೆಯನ್ನು ತಿದ್ದಿದರೆ ಸಾಲದೇ ಎಂದು ಹತ್ತಿರದವರು ಕೇಳಿದರು. ತರಗತಿಯಲ್ಲಿ ಪಕ್ಕದವನ ಚಿತ್ರದ ಮೇಲೆ ತನ್ನ ಹೆಸರು ಬರೆದ ಹುಡುಗನಿಗೆ ನಾನು ರಬ್ಬರು ಕೊಟ್ಟು ತಿದ್ದಲು ಹೇಳುವುದಿಲ್ಲ. ಹೊಸ ಹಾಳೆ ಕೊಟ್ಟು ಕೂಡ್ರಿಸುತ್ತೇನೆ. ನನಗೂ ಅದೇ ಶಿಕ್ಷೆ ಸರಿ.

ಹೊಸ ಹಾಳೆ ಸುಲಭವಾಗಿ ಸಿಗಲಿಲ್ಲ. ಕೌದಿಯಕ್ಕನೇ ಹೊಲಿದು ತೋರಿಸಬೇಕೆಂದು ಕೇಳಿಕೊಂಡಾಗ ಅವರು ಮೊದಲು ಕೇಳಿದ್ದು, “ಕೂಲಿ ಎಷ್ಟು?” ಎಂದು. ನಾನು ಗೌರವ, ಕಲೆ, ಪರಂಪರೆ ಮುಂತಾದ ದೊಡ್ಡ ಮಾತುಗಳನ್ನು ಸಿದ್ಧಮಾಡಿಕೊಂಡು ಹೋಗಿದ್ದೆ, ಅಂಕಿಯೊಂದನ್ನು ಸಿದ್ಧಮಾಡಿರಲಿಲ್ಲ. ಬೆಂಗಳೂರಿನಲ್ಲಿ ನಾನು ಒಂದು ಹೂಬಳ್ಳಿಯ ನಕ್ಷೆಗೆ ಪಡೆಯುತ್ತಿದ್ದ ಸಂಭಾವನೆಯನ್ನು ನೆನಪಿಸಿಕೊಂಡು, ದಿನಕ್ಕೆ ಅಷ್ಟು ಎಂದೆ. ವಿಡಿಯೊದಿಂದ ಬರುವ ಹಣದಲ್ಲಿ ಅರ್ಧ ಅವರದು ಎಂದೂ ಒಪ್ಪಿದೆ. ಅಪ್ಪನಿಗೆ ಇದು ಅತಿಯಾಯಿತು ಎನಿಸಿತು. “ಅಜ್ಜಿಯ ಕಾಲದಲ್ಲಿ ನಾಲ್ಕು ಸೇರು ಅಕ್ಕಿಗೆ ಆಗುತ್ತಿತ್ತು” ಎಂದರು. ಆ ನಾಲ್ಕು ಸೇರಿನಿಂದ ಒಂದು ಚಿಟಿಕೆ ನಮ್ಮ ಮೈಮೇಲೇ ಇತ್ತೆಂದು ಹೇಳಿದೆ. ಅಪ್ಪ ಕವಳ ಉಗುಳಿ ಬಂದು ಸುಮ್ಮನೆ ಕುಳಿತರು. ಮರುದಿನ ಪೆಟ್ಟಿಗೆಯಿಂದ ತಮ್ಮ ಎರಡು ಹಳೆಯ ಅಂಗಿಗಳನ್ನು ತಂದು, “ಇವೂ ಇರಲಿ, ನಡುವಿಗೆ ಕಡಿಮೆ ಬೀಳಬಾರದು” ಎಂದರು.

2022ರ ಬೇಸಿಗೆಯಲ್ಲಿ ಅವರ ಮನೆಯ ಅಂಗಳದಲ್ಲಿ ಹೊಲಿಗೆ ನಡೆಯಿತು. ಹದಿನಾರು ಮಧ್ಯಾಹ್ನಗಳು. ಮೇಜಿಲ್ಲ, ನಕ್ಷೆಯಿಲ್ಲ, ಇಸ್ತ್ರಿಯಿಲ್ಲ. ಒಂದು ಚೂರು ತೆಗೆದುಕೊಳ್ಳುವುದು, ಇಟ್ಟು ನೋಡುವುದು, ತಲೆಯಾಡಿಸಿ ತೆಗೆಯುವುದು, ಇನ್ನೊಂದನ್ನು ಇಡುವುದು, ಅಂಚನ್ನು ಹೆಬ್ಬೆರಳಿನ ಉಗುರಿನಿಂದ ಮಡಿಸಿ ಒತ್ತುವುದು. ನನ್ನ ಹಿಂದಿನ ವಿಡಿಯೊದಲ್ಲಿ ನಾನು ಕತ್ತರಿಸಿ ಬಿಸಾಡಿದ್ದು ಇದನ್ನೇ: ಇಟ್ಟು ತೆಗೆಯುವ ಹೊತ್ತನ್ನು. ಕಲಿಯುವುದಕ್ಕೆ ಇರುವುದೆಲ್ಲ ಆ ಹೊತ್ತಿನಲ್ಲಿಯೇ ಇದ್ದಿತು. ನಡುನಡುವೆ ನೆರೆಯ ಹೆಂಗಸರು ಬಂದು ಇನ್ನೊಂದು ಅಂಚಿಗೆ ಕುಳಿತು ತಾವೂ ಹೊಲಿದರು. ಯಾರ ಹೊಲಿಗೆ ಯಾವುದೆಂದು ಅವರಿಗೆ ಸ್ಪಷ್ಟವಾಗಿ ತಿಳಿಯುತ್ತಿತ್ತು. ನಾನು ಎರಡು ಸಾಲು ಹೊಲಿದೆ. ಕೌದಿಯಕ್ಕ ನೋಡಿ, ಒಂದು ಸಾಲನ್ನು ಬಿಚ್ಚಿದರು. ಆಮೇಲೆ ನನಗೆ ಬೇಸರವಾದೀತೆಂದು ಇನ್ನೊಂದನ್ನು ಇರಗೊಟ್ಟರು.

ಕೊನೆಯ ದಿನ ನಡುವಿನ ಚೂರಿನ ಕೆಳಗೆ ಇಡುವುದಕ್ಕೆ ನಾನು ನಮ್ಮ ಮನೆಯಿಂದ ಅಕ್ಕಿ ಒಯ್ದಿದ್ದೆ. ಅವರು ಅಂಗೈಯೊಡ್ಡಿ ತೆಗೆದುಕೊಂಡು, ತಮ್ಮ ಮಡಕೆಯಿಂದಲೂ ನಾಲ್ಕು ಕಾಳು ತಂದು ಕೂಡಿಸಿದರು. ಹೊಲಿಗೆ ಮುಗಿದ ಮೇಲೆ ಮೊಬೈಲಿನ ಕಡೆಗೆ ನೇರವಾಗಿ ನೋಡಿ ತಮ್ಮ ಹೆಸರನ್ನೂ, ತಾಯಿಯ ಹೆಸರನ್ನೂ, ಕೇರಿಯ ಹೆಸರನ್ನೂ ಹೇಳಿದರು. ತಾಯಿಯಿಂದ ಕಲಿತೆ ಎಂದರು. ವಿಡಿಯೊ ಮುಗಿಯುವುದು ಆ ಮಾತಿನಿಂದ.

ಆ ಹೆಸರನ್ನು ನಾನು ಈ ಬರಹದಲ್ಲಿ ಏಕೆ ಬರೆದಿಲ್ಲವೆಂದು ಓದುಗರು ಕೇಳಬಹುದು. ಬರೆಯಲೇ ಎಂದು ಅವರನ್ನೇ ಕೇಳಿದೆ. “ಹೊಲಿಗೆಯ ಜೊತೆಗೆ ಇರಲಿ, ಪೇಪರಿನಲ್ಲಿ ಬೇಡ. ಪೇಪರಿನಲ್ಲಿ ಹೆಸರು ಬಂದರೆ ಊರವರು ಸಾಲ ಕೇಳಲು ಬರುತ್ತಾರೆ” ಎಂದು ನಕ್ಕರು. ಹೆಸರು ಹೇಳುವುದು ಹೇಗೆ ಅವರ ಹಕ್ಕೋ, ಬೇಡವೆನ್ನುವುದೂ ಹಾಗೆಯೇ ಎಂದು ನಾನು ಒಪ್ಪಿಕೊಂಡೆ.

ಹೊಸ ವಿಡಿಯೊ ನಲವತ್ತು ನಿಮಿಷದ್ದು. ಹಳೆಯದನ್ನು ನೋಡಿದಷ್ಟು ಜನ ಇದನ್ನು ನೋಡಿಲ್ಲ. ‘ಬಹಳ ನಿಧಾನ’ ಎಂದು ಕೆಲವರು ಬರೆದರು. ಆದರೆ ಅದನ್ನು ನೋಡಿ ಇಬ್ಬರು ಕೌದಿ ಹೊಲಿಸಿಕೊಂಡರು. ಆ ಹಣ ನೇರವಾಗಿ ಕೇರಿಗೆ ಹೋಯಿತು. ಮೊಮ್ಮಗಳು ಈಗ ತಾನೇ ಅಜ್ಜಿಯ ಕೈಗಳ ಚಿತ್ರ ತೆಗೆಯುತ್ತಾಳೆ. ನನ್ನ ಹತ್ತಿರ ಬೆಳಕಿನ ವಿಷಯ ಕೇಳುತ್ತಾಳೆ, ಹೊಲಿಗೆಯ ವಿಷಯವನ್ನಲ್ಲ.

ಶಾಲೆಗೆ ಮರಳಿದ ಮೇಲೆ ಈ ಕಥೆಯನ್ನು ಆರನೆಯ ತರಗತಿಯ ಮಕ್ಕಳಿಗೆ ಹೇಳಿದೆ. ಹಿಂದಿನ ಬೆಂಚಿನ ಹುಡುಗನೊಬ್ಬ, ಎಂದೂ ಹೆಸರು ಬರೆಯದವನು, ಕೈಯೆತ್ತಿ ಕೇಳಿದ: “ಮಿಸ್, ನಾನು ನವಿಲು ಬರೆಯುವುದನ್ನು ನಮ್ಮ ದೊಡ್ಡಮ್ಮನಿಂದ ಕಲಿತೆ. ಮೂಲೆಯಲ್ಲಿ ಅವರ ಹೆಸರನ್ನೂ ಬರೆಯಬೇಕೇ?”

ಅಂದಿನಿಂದ ನನ್ನ ತರಗತಿಯಲ್ಲಿ ಬಲಗಡೆಯ ಕೆಳಮೂಲೆಯಲ್ಲಿ ಎರಡು ಗೆರೆಗಳ ಜಾಗ ಬಿಡುವುದು ವಾಡಿಕೆಯಾಗಿದೆ.